ಬಯಲಲ್ಲೇ ಹುಟ್ಟುವ ಗುಟ್ಟು

2010ರ ಅಕ್ಟೋಬರ್ ತಿಂಗಳಲ್ಲಿ ಅಮೆರಿಕದ ಸ್ಯಾನ್ ಡಿಯಾಗೊದಲ್ಲಿ ಟೂರ್‌ಕಾನ್ ಎಂಬ ಹ್ಯಾಕರ್‌ಗಳ ಸಮ್ಮೇಳನ ನಡೆಯಿತು. ಅಲ್ಲಿ ಎರಿಕ್ ಬಟ್ಲರ್ ಎಂಬ ಪ್ರೋಗ್ರಾಮರ್ ಪುಟ್ಟ ತಂತ್ರಾಂಶವೊಂದನ್ನು ಬಿಡುಗಡೆ ಮಾಡಿದರು. ಹೆಸರು ಫೈರ್‌ಶೀಪ್. ಫೈರ್‌ಫಾಕ್ಸ್ ಬ್ರೌಸರಿಗೆ ಸೇರಿಸಿಕೊಳ್ಳುವ ಉಚಿತ ಎಕ್ಸ್‌ಟೆನ್ಶನ್ ಅದು. ಪಾಸ್‌ವರ್ಡ್ ಇಲ್ಲದ ಯಾವುದೋ ವೈಫೈಗೆ ಸೇರಿಕೊಂಡು ಒಂದು ಬಟನ್ ಒತ್ತಿದರೆ, ಅದೇ ವೈಫೈನಲ್ಲಿ ಫೇಸ್‌ಬುಕ್ಕೋ ಟ್ವಿಟರೋ ನೋಡುತ್ತಾ ಕುಳಿತವರ ಹೆಸರು, ಭಾವಚಿತ್ರಗಳು ಪರದೆಯ ಅಂಚಿನಲ್ಲಿ ಸಾಲಾಗಿ ಮೂಡುತ್ತಿದ್ದವು. ಯಾವುದಾದರೊಂದು ಚಿತ್ರದ ಮೇಲೆ ಕ್ಲಿಕ್ ಮಾಡಿದರೆ ಸಾಕು, ಅವರ ಖಾತೆಯೊಳಗೇ ಪ್ರವೇಶ. ಪಾಸ್‌ವರ್ಡ್ ಗೊತ್ತಿರಬೇಕಾದ್ದೇ ಇಲ್ಲ.

ಆಗಿನ ಬಹುತೇಕ ಜಾಲತಾಣಗಳು ಲಾಗಿನ್ ಪುಟಕ್ಕೆ ಮಾತ್ರ ರಕ್ಷಣೆ ಕೊಟ್ಟು ಸುಮ್ಮನಾಗುತ್ತಿದ್ದವು. ಪಾಸ್‌ವರ್ಡ್ ಗೂಢಲಿಪಿಯಲ್ಲಿ ಹೋಗುತ್ತಿತ್ತು. ಆದರೆ 'ಇವರು ಆಗಲೇ ಲಾಗಿನ್ ಆದವರು' ಎಂದು ಗುರುತಿಸಲು ತಾಣ ಕೊಡುವ ಕುಕೀ ಪ್ರತಿ ಕ್ಲಿಕ್ಕಿಗೂ ಯಾವ ಮರೆಯೂ ಇಲ್ಲದೆ ಗಾಳಿಯಲ್ಲಿ ಓಡಾಡುತ್ತಿತ್ತು. ಈ ದೋಷ ತಜ್ಞರಿಗೆ ವರ್ಷಗಳಿಂದ ಗೊತ್ತಿದ್ದದ್ದೇ. ಬಟ್ಲರ್ ಅದನ್ನು ಎಲ್ಲರ ಕಣ್ಣಿಗೂ ಬೀಳುವಂತೆ ಮಾಡಿದರು. ಮೂರೇ ತಿಂಗಳಲ್ಲಿ ಫೇಸ್‌ಬುಕ್ ಇಡೀ ತಾಣವನ್ನು ಎಚ್‌ಟಿಟಿಪಿಎಸ್ ಎಂಬ ಗೂಢಲಿಪಿಯ ಸಂಪರ್ಕದ ಮೂಲಕ ಬಳಸುವ ಆಯ್ಕೆ ಕೊಟ್ಟಿತು. 2013ರ ಹೊತ್ತಿಗೆ ಅದು ಎಲ್ಲ ಬಳಕೆದಾರರಿಗೂ ತಾನಾಗಿಯೇ ಅನ್ವಯವಾಯಿತು.

ಈಗ ರೈಲು ನಿಲ್ದಾಣದ ವೈಫೈನಲ್ಲಿ ಒಬ್ಬರು ಬ್ಯಾಂಕಿನ ಆ್ಯಪ್ ತೆರೆಯುತ್ತಾರೆ ಎಂದುಕೊಳ್ಳಿ. ಪಕ್ಕದ ಬೆಂಚಿನಲ್ಲಿ ಕುಳಿತ ಕಳ್ಳ ಗಾಳಿಯಲ್ಲಿ ಹಾದುಹೋಗುವ ಪ್ರತಿಯೊಂದು ಪ್ಯಾಕೆಟ್ಟನ್ನೂ ಹಿಡಿದಿಟ್ಟುಕೊಂಡರೂ ಅವನಿಗೆ ದಕ್ಕುವುದು ತಲೆಬುಡವಿಲ್ಲದ ಅಂಕಿಗಳ ರಾಶಿ. ಆ ಫೋನು ಬ್ಯಾಂಕಿನ ಸರ್ವರಿನೊಂದಿಗೆ ಹಿಂದೆಂದೂ ಮಾತಾಡಿರಲಿಲ್ಲ. ಯಾವ ಗುಪ್ತ ಸಂಕೇತವನ್ನೂ ಮೊದಲೇ ಹಂಚಿಕೊಂಡಿರಲಿಲ್ಲ. ಕಳ್ಳ ಮೊದಲ ಮಾತಿನಿಂದಲೇ ಕೇಳಿಸಿಕೊಳ್ಳುತ್ತಿದ್ದ. ಆದರೂ ಅವೆರಡರ ನಡುವೆ ಅವನಿಗೆ ತಿಳಿಯದ ಗುಟ್ಟೊಂದು ಹುಟ್ಟಿಬಿಟ್ಟಿತು. ಈ ಕೆಲಸ ಮಾಡುವ ಪ್ರೊಟೊಕಾಲ್‌ಗೆ ಟಿಎಲ್‌ಎಸ್ ಎಂದು ಹೆಸರು. ಅದರ ಮೂವತ್ತು ವರ್ಷಗಳ ಚರಿತ್ರೆಯನ್ನು ನೋಡಿದರೆ ಒಂದು ಮಾತು ಸ್ಪಷ್ಟವಾಗುತ್ತದೆ: ಅದರ ಅಡಿಪಾಯದ ಗಣಿತ ಕೈಕೊಟ್ಟದ್ದು ಅಪರೂಪ. ಕೈಕೊಟ್ಟದ್ದು ಅವಸರ, ಅಸಡ್ಡೆ ಮತ್ತು ಬೀಗವನ್ನು ಬೇಕೆಂದೇ ಸಡಿಲವಾಗಿರಿಸಿದ ಸರ್ಕಾರಿ ನೀತಿಗಳು.

ಎಲ್ಲರೆದುರೇ ಮಾಡಿದ ಲೆಕ್ಕ

ಗುಟ್ಟಾಗಿ ಬರೆಯುವುದು ಹಳೆಯ ವಿದ್ಯೆ. ಅದರ ತೊಡಕೂ ಅಷ್ಟೇ ಹಳೆಯದು. ಬರೆದದ್ದನ್ನು ಬಿಡಿಸುವ ಕೀಲಿಯನ್ನು ದೂರದಲ್ಲಿರುವವರಿಗೆ ತಲುಪಿಸುವುದು ಹೇಗೆ? ಕೀಲಿ ಕೊಂಡೊಯ್ಯುವ ದೂತ ಸಿಕ್ಕಿಬಿದ್ದರೆ ಎಲ್ಲ ಗುಟ್ಟೂ ರಟ್ಟು. 1976ರ ನವೆಂಬರಿನಲ್ಲಿ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದ ವಿಟ್‌ಫೀಲ್ಡ್ ಡಿಫಿ ಮತ್ತು ಮಾರ್ಟಿನ್ ಹೆಲ್‌ಮನ್ ಪ್ರಕಟಿಸಿದ ಪ್ರಬಂಧ ಈ ದೂತನನ್ನೇ ಬೇಡವಾಗಿಸಿತು. ಕೀಲಿಯನ್ನು ಕಳಿಸಬೇಕಿಲ್ಲ, ಇಬ್ಬರೂ ತಂತಮ್ಮ ಜಾಗದಲ್ಲೇ ಕುಳಿತು ಒಂದೇ ಕೀಲಿಯನ್ನು ತಯಾರಿಸಿಕೊಳ್ಳಬಹುದು ಎಂದು ಅವರು ತೋರಿಸಿಕೊಟ್ಟರು.

ಫೋನಿನ ಕ್ಯಾಲ್ಕುಲೇಟರ್ ಇದ್ದರೆ ಓದುಗರೂ ಇದನ್ನು ಮಾಡಿ ನೋಡಬಹುದು. ಮೈಸೂರಿನ ಗೌರಿ, ಕಲಬುರಗಿಯ ಶಂಕರ ಎಂಬ ಇಬ್ಬರು ಇದ್ದಾರೆನ್ನಿ. ಅವರ ಮಾತನ್ನು ಇಡೀ ಊರು ಕೇಳುತ್ತಿದೆ. ಇಬ್ಬರೂ ಬಹಿರಂಗವಾಗಿಯೇ 29 ಮತ್ತು 2 ಎಂಬ ಎರಡು ಸಂಖ್ಯೆಗಳನ್ನು ಒಪ್ಪಿಕೊಳ್ಳುತ್ತಾರೆ. ಗೌರಿ ತನ್ನ ಮನಸ್ಸಿನಲ್ಲಿ 5 ಅನ್ನು ಇಟ್ಟುಕೊಳ್ಳುತ್ತಾಳೆ. ಐದು ಎರಡುಗಳನ್ನು ಗುಣಿಸಿದರೆ 32. ಅದನ್ನು 29ರಿಂದ ಭಾಗಿಸಿದರೆ ಶೇಷ 3. ಆ 3 ಅನ್ನು ಕೂಗಿ ಹೇಳುತ್ತಾಳೆ. ಶಂಕರನ ಮನಸ್ಸಿನಲ್ಲಿರುವುದು 12. ಹನ್ನೆರಡು ಎರಡುಗಳ ಗುಣಲಬ್ಧ 4,096. 29ರಿಂದ ಭಾಗಿಸಿದರೆ ಶೇಷ 7. ಅವನು 7 ಎಂದು ಕೂಗುತ್ತಾನೆ. ಈಗ ಗೌರಿ ಅವನ 7 ಅನ್ನು ತೆಗೆದುಕೊಂಡು ಐದು ಏಳುಗಳನ್ನು ಗುಣಿಸುತ್ತಾಳೆ: 16,807. ಶೇಷ 16. ಶಂಕರ ಅವಳ 3 ಅನ್ನು ತೆಗೆದುಕೊಂಡು ಹನ್ನೆರಡು ಮೂರುಗಳನ್ನು ಗುಣಿಸುತ್ತಾನೆ: 5,31,441. ಶೇಷ ಅದೇ 16. ಇಬ್ಬರ ಕೈಯಲ್ಲೂ ಒಂದೇ ಸಂಖ್ಯೆ ಇದೆ, ಆದರೆ 16 ಎಂದು ಯಾರೂ ಬಾಯಿಬಿಟ್ಟು ಹೇಳಲೇ ಇಲ್ಲ.

ಊರಿನವರು ಕೇಳಿದ್ದು 29, 2, 3, 7 ಇಷ್ಟೇ. ಸಂಖ್ಯೆಗಳು ಇಷ್ಟು ಚಿಕ್ಕವಾದಾಗ ಗೌರಿಯ 5 ಅನ್ನು ಯಾರಾದರೂ ಒಂದೊಂದಾಗಿ ಹಾಕಿ ನೋಡಿ ಕಂಡುಹಿಡಿದಾರು. ಈ ವಿಧಾನವನ್ನು ನಿಜವಾಗಿ ಬಳಸುವಾಗ 29ರ ಜಾಗದಲ್ಲಿರುವುದು 600ಕ್ಕೂ ಹೆಚ್ಚು ಅಂಕೆಗಳುಳ್ಳ ಅವಿಭಾಜ್ಯ ಸಂಖ್ಯೆ. ಗುಣಿಸಿ ಶೇಷ ತೆಗೆಯುವುದು ಕಂಪ್ಯೂಟರಿಗೆ ಕಣ್ಣು ಮಿಟುಕಿಸುವಷ್ಟರ ಕೆಲಸ. ಶೇಷದಿಂದ ಹಿಂದಕ್ಕೆ ಹೋಗಿ ಮೂಲ ಗುಟ್ಟನ್ನು ಹುಡುಕುವುದಕ್ಕೆ ಇಂದಿನ ಯಾವ ಕಂಪ್ಯೂಟರಿಗೂ ಕೈಗೆಟುಕುವ ದಾರಿ ಇಲ್ಲ. ಈಗಿನ ಬ್ರೌಸರ್‌ಗಳು ಹೆಚ್ಚಾಗಿ ಇದೇ ಉಪಾಯವನ್ನು ಎಲಿಪ್ಟಿಕ್ ಕರ್ವ್ ಎಂಬ ಬೇರೊಂದು ಗಣಿತದ ಮೇಲೆ ನಡೆಸುತ್ತವೆ. ಅಲ್ಲಿ ಸಂಖ್ಯೆಗಳು ಚಿಕ್ಕವು, ಬಲ ಕಡಿಮೆಯಲ್ಲ.

ಡಿಫಿ ಮತ್ತು ಹೆಲ್‌ಮನ್ ಅವರಿಗೆ 2015ನೇ ಸಾಲಿನ ಟ್ಯೂರಿಂಗ್ ಪ್ರಶಸ್ತಿ ಸಂದಿತು. ಆದರೆ ಇವರಿಗಿಂತ ಮೊದಲೇ ಬ್ರಿಟನ್ನಿನ ಗುಪ್ತಚರ ಸಂಸ್ಥೆ ಜಿಸಿಎಚ್‌ಕ್ಯೂನಲ್ಲಿ ಜೇಮ್ಸ್ ಎಲ್ಲಿಸ್ ಇದು ಸಾಧ್ಯ ಎಂದು ಕಂಡುಕೊಂಡಿದ್ದರು. ಅವರ ಸಹೋದ್ಯೋಗಿಗಳಾದ ಕ್ಲಿಫರ್ಡ್ ಕಾಕ್ಸ್ 1973ರಲ್ಲಿ, ಮಾಲ್ಕಮ್ ವಿಲಿಯಮ್ಸನ್ 1974ರಲ್ಲಿ ಅದರ ಗಣಿತವನ್ನೂ ಕಟ್ಟಿದ್ದರು. ಎಲ್ಲವೂ ಸರ್ಕಾರಿ ರಹಸ್ಯವಾಗಿ ಕಡತದೊಳಗೆ ಉಳಿಯಿತು. ಬ್ರಿಟನ್ ಅದನ್ನು ಬಹಿರಂಗಪಡಿಸಿದ್ದು 1997ರ ಡಿಸೆಂಬರಿನಲ್ಲಿ. ಎಲ್ಲಿಸ್ ತೀರಿಕೊಂಡದ್ದು ಅದಕ್ಕೆ ಕೆಲವೇ ವಾರಗಳ ಮುಂಚೆ. ತನ್ನ ಕೆಲಸಕ್ಕೆ ಜಗತ್ತು ಕೊಟ್ಟ ಮನ್ನಣೆಯನ್ನು ಆ ಮನುಷ್ಯ ಕಾಣಲಿಲ್ಲ ಎಂಬುದು ಈ ಚರಿತ್ರೆಯ ನೋವಿನ ಪುಟ. ಕಡತದಲ್ಲಿದ್ದ ಗಣಿತ ಜನಸಾಮಾನ್ಯರ ಯಾವ ಉಪಯೋಗಕ್ಕೂ ಬರಲಿಲ್ಲ. ಅಚ್ಚಾಗಿ ಹೊರಬಂದ ಗಣಿತ ಇಂದು ಪ್ರತಿ ಫೋನಿನಲ್ಲೂ ಇದೆ.

ಹೀಗೆ ಹುಟ್ಟಿದ ಕೀಲಿಯಿಂದ ನಿಜವಾದ ಮಾಹಿತಿಯನ್ನು ಗೂಢಲಿಪಿಗೆ ತಿರುಗಿಸುವ ಕೆಲಸ ಸಾಮಾನ್ಯವಾಗಿ ಎಇಎಸ್ ಎಂಬ ವಿಧಾನದ್ದು. ಬೆಲ್ಜಿಯಂನ ಯೋನ್ ಡಾಮನ್, ವಿನ್ಸೆಂಟ್ ರೈಮನ್ ಇದನ್ನು ರೂಪಿಸಿದರು. ಜಗತ್ತಿನ ತಜ್ಞರೆಲ್ಲ ವರ್ಷಗಟ್ಟಲೆ ಒಡೆಯಲು ಯತ್ನಿಸಿದ ಬಹಿರಂಗ ಸ್ಪರ್ಧೆಯಲ್ಲಿ ಗೆದ್ದು 2001ರಲ್ಲಿ ಅದು ಅಮೆರಿಕದ ಅಧಿಕೃತ ಮಾನದಂಡವಾಯಿತು. 128 ಬಿಟ್‌ನ ಕೀಲಿಗಳು ಎಷ್ಟಿರಬಹುದು ಎಂದರೆ 34ರ ಮುಂದೆ 37 ಸೊನ್ನೆ ಬರೆದಷ್ಟು. ಜತೆಗೆ ಇನ್ನೊಂದು ಭದ್ರತೆಯೂ ಇದೆ. ದಾರಿಯಲ್ಲಿ ಯಾರಾದರೂ 500 ರೂಪಾಯಿಯನ್ನು 5,000 ಮಾಡಲು ಒಂದೇ ಒಂದು ಬಿಟ್ ತಿದ್ದಿದರೂ ಆ ತುಣುಕನ್ನು ಇನ್ನೊಂದು ತುದಿ ಒಪ್ಪದೆ ಸಂಪರ್ಕವನ್ನೇ ಕಡಿಯುತ್ತದೆ.

ಆ ತುದಿಯಲ್ಲಿರುವುದು ಯಾರು?

ಗೌರಿಯ ಲೆಕ್ಕದಲ್ಲಿ ಒಂದು ದೊಡ್ಡ ಕೊರತೆ ಇದೆ. 7 ಎಂದು ಕೂಗಿದವನು ಶಂಕರನೇ ಎನ್ನುವುದಕ್ಕೆ ಪುರಾವೆ ಏನು? ನಡುವೆ ಮೂರನೆಯವನೊಬ್ಬ ಕುಳಿತು ಗೌರಿಗೆ ಶಂಕರನಂತೆ, ಶಂಕರನಿಗೆ ಗೌರಿಯಂತೆ ಮಾತಾಡಿದರೆ ಇಬ್ಬರೂ ಆ ಮೋಸಗಾರನ ಜತೆಯೇ ಗುಟ್ಟು ಹಂಚಿಕೊಂಡಂತಾಯಿತು.

ಇದಕ್ಕಾಗಿಯೇ ಜಾಲತಾಣಗಳ ಬಳಿ ಡಿಜಿಟಲ್ ಪ್ರಮಾಣಪತ್ರ ಇರುತ್ತದೆ. ಅರ್ಜಿಗೆ ಲಗತ್ತಿಸುವ ಅಂಕಪಟ್ಟಿಯ ನಕಲಿಗೆ ಗೆಜೆಟೆಡ್ ಅಧಿಕಾರಿಯ ಸಹಿ-ಮೊಹರು ಬೇಕಿದ್ದಂತೆ, 'ಈ ಕೀಲಿ ಈ ತಾಣದ್ದೇ' ಎಂದು ಪ್ರಮಾಣೀಕರಣ ಸಂಸ್ಥೆಯೊಂದು ತನ್ನ ಡಿಜಿಟಲ್ ಸಹಿ ಹಾಕಿರುತ್ತದೆ. ಯಾವ ಸಂಸ್ಥೆಗಳ ಸಹಿಯನ್ನು ನಂಬಬೇಕು ಎಂಬ ಪಟ್ಟಿ ಫೋನು, ಕಂಪ್ಯೂಟರ್, ಬ್ರೌಸರ್‌ಗಳ ಜತೆಗೇ ಬರುತ್ತದೆ. ಆ ಪಟ್ಟಿಯಲ್ಲಿರುವ ಯಾವುದೇ ಸಂಸ್ಥೆ ಜಗತ್ತಿನ ಯಾವುದೇ ತಾಣದ ಹೆಸರಿಗೂ ಸಹಿ ಹಾಕಬಲ್ಲದು. ಇಡೀ ವ್ಯವಸ್ಥೆಯ ಅತ್ಯಂತ ಸೂಕ್ಷ್ಮ ಜಾಗ ಇದೇ.

2011ರ ಆಗಸ್ಟಿನಲ್ಲಿ ಇರಾನಿನ ಬಳಕೆದಾರರೊಬ್ಬರಿಗೆ ಜಿಮೇಲ್ ತೆರೆಯುವಾಗ ಕ್ರೋಮ್ ಬ್ರೌಸರ್ ಎಚ್ಚರಿಕೆ ತೋರಿಸಿತು. ಗೂಗಲ್ ತನ್ನ ತಾಣಗಳಿಗೆ ಯಾರ ಸಹಿ ಇರಬೇಕು ಎಂಬುದನ್ನು ಕ್ರೋಮ್‌ನೊಳಗೇ ಬರೆದಿಟ್ಟಿತ್ತು. ಬಂದ ಪ್ರಮಾಣಪತ್ರದಲ್ಲಿ ಇದ್ದದ್ದು ಡಿಜಿನೋಟಾರ್ ಎಂಬ ಡಚ್ ಸಂಸ್ಥೆಯ ಸಹಿ. ಆ ಬಳಕೆದಾರರು ಎಚ್ಚರಿಕೆಯನ್ನು ಕಡೆಗಣಿಸಿ ಮುಂದುವರಿಯಲಿಲ್ಲ, ಗೂಗಲ್‌ನ ಸಹಾಯ ವೇದಿಕೆಯಲ್ಲಿ ಕೇಳಿದರು. ಆ ಒಂದು ಪ್ರಶ್ನೆಯಿಂದ ದೊಡ್ಡ ಹಗರಣವೇ ಹೊರಬಿತ್ತು. ಡಿಜಿನೋಟಾರ್‌ನ ಸರ್ವರ್‌ಗಳಿಗೆ ನುಗ್ಗಿದವರು 500ಕ್ಕೂ ಹೆಚ್ಚು ನಕಲಿ ಪ್ರಮಾಣಪತ್ರಗಳನ್ನು ಸೃಷ್ಟಿಸಿಕೊಂಡಿದ್ದರು. ಫಾಕ್ಸ್-ಐಟಿ ಎಂಬ ಸಂಸ್ಥೆ ನಡೆಸಿದ ತನಿಖೆಯ ಪ್ರಕಾರ ಗೂಗಲ್ ಹೆಸರಿನ ನಕಲಿ ಪತ್ರದ ಬಲೆಗೆ ಸುಮಾರು 3 ಲಕ್ಷ ಐಪಿ ವಿಳಾಸಗಳು ಸಿಕ್ಕಿದ್ದವು; ಅವುಗಳಲ್ಲಿ ಬಹುತೇಕ ಎಲ್ಲವೂ ಇರಾನಿನವು. ಪ್ರಭುತ್ವವನ್ನು ಟೀಕಿಸಿದರೆ ಸೆರೆಮನೆ ಸೇರಬೇಕಾದ ದೇಶದಲ್ಲಿ ಅಷ್ಟು ಜನರ ಇಮೇಲ್ ಬಯಲಾಗುವುದೆಂದರೆ ಅದು ಹಣಕಾಸಿನ ನಷ್ಟವಲ್ಲ, ಜೀವಕ್ಕೇ ಅಪಾಯ.

ತನಿಖೆಯಲ್ಲಿ ಕಂಡ ಸಂಗತಿಗಳು ಸಿಟ್ಟು ತರಿಸುವಂಥವು. ಸರ್ವರ್‌ಗಳಲ್ಲಿ ಆ್ಯಂಟಿವೈರಸ್ ಇರಲಿಲ್ಲ. ತಂತ್ರಾಂಶಗಳು ಅಪ್‌ಡೇಟ್ ಆಗಿರಲಿಲ್ಲ. ಪ್ರಮಾಣಪತ್ರ ಕೊಡುವ ಯಂತ್ರಗಳೆಲ್ಲವನ್ನೂ ಒಂದೇ ಲಾಗಿನ್‌ನಿಂದ ತಲುಪಬಹುದಿತ್ತು. ಸಾಲದ್ದಕ್ಕೆ, ನುಸುಳಿದ್ದು ಗೊತ್ತಾದ ಮೇಲೂ ಸಂಸ್ಥೆ ಅದನ್ನು ಹೊರಗೆ ಹೇಳಿರಲಿಲ್ಲ. ಬ್ರೌಸರ್‌ಗಳೆಲ್ಲ ಅದರ ಹೆಸರನ್ನು ಪಟ್ಟಿಯಿಂದ ಕಿತ್ತುಹಾಕಿದವು, ಸೆಪ್ಟೆಂಬರಿನಲ್ಲೇ ಸಂಸ್ಥೆ ದಿವಾಳಿಯಾಯಿತು. ಇಷ್ಟಾದರೂ ಒಂದೇ ಒಂದು ಗೂಢಲಿಪಿಯನ್ನು ಯಾರೂ ಒಡೆದಿರಲಿಲ್ಲ.

ಮೂರು ವರ್ಷದ ಬಳಿಕ ಸರದಿ ಭಾರತದ್ದು. 2014ರ ಜುಲೈ 2ರಂದು ಗೂಗಲ್‌ನ ಹಲವು ತಾಣಗಳ ಹೆಸರಿನಲ್ಲಿ ಅನಧಿಕೃತ ಪ್ರಮಾಣಪತ್ರಗಳು ಪತ್ತೆಯಾದವು. ಅವುಗಳ ಮೇಲಿದ್ದದ್ದು ನಮ್ಮ ಕೇಂದ್ರ ಸರ್ಕಾರದ ಮಾಹಿತಿ ತಂತ್ರಜ್ಞಾನ ಸಂಸ್ಥೆಯಾದ ಎನ್‌ಐಸಿಯ ಸಹಿ. ಎನ್‌ಐಸಿಗೆ ಆ ಅಧಿಕಾರ ಕೊಟ್ಟಿದ್ದ ಪ್ರಮಾಣೀಕರಣ ಪ್ರಾಧಿಕಾರಗಳ ನಿಯಂತ್ರಕರ ಕಚೇರಿಯನ್ನು ಮೈಕ್ರೋಸಾಫ್ಟ್ ತನ್ನ ನಂಬಿಕಸ್ಥರ ಪಟ್ಟಿಯಲ್ಲಿ ಇಟ್ಟುಕೊಂಡಿತ್ತು. ಹಾಗಾಗಿ ವಿಂಡೋಸ್ ಕಂಪ್ಯೂಟರ್‌ಗಳು ಆ ಪತ್ರಗಳನ್ನು ಒಪ್ಪುವ ಸ್ಥಿತಿ ಇತ್ತು. ನಿಯಂತ್ರಕರು ಮರುದಿನವೇ ಎನ್‌ಐಸಿಯ ಆ ಅಧಿಕಾರಪತ್ರಗಳನ್ನು ರದ್ದು ಮಾಡಿದರು. ಪತ್ರ ನೀಡುವ ವ್ಯವಸ್ಥೆಯೇ ಭೇದಿಸಲ್ಪಟ್ಟಿತ್ತು ಎಂಬುದು ಅವರು ಕೊಟ್ಟ ವಿವರಣೆ. ಗೂಗಲ್ ಅಲ್ಲಿಗೇ ನಿಲ್ಲದೆ, ಭಾರತದ ಈ ಸಹಿ ಕ್ರೋಮ್‌ನಲ್ಲಿ ಸರ್ಕಾರಿ ಡೊಮೈನ್‌ಗಳೂ ಸೇರಿದಂತೆ ಬೆರಳೆಣಿಕೆಯ ಕೆಲವಕ್ಕೆ ಮಾತ್ರ ಸಲ್ಲುತ್ತದೆ ಎಂದು ಮಿತಿ ಹಾಕಿತು. ಐಟಿ ಬಲದ ಬಗ್ಗೆ ಹೆಮ್ಮೆಪಡುವ ದೇಶಕ್ಕೆ ಇದು ಮುಖಭಂಗವೇ. ಆ ಕಾಲದಲ್ಲಿ ನಮ್ಮಲ್ಲಿ ಇದರ ಬಗ್ಗೆ ಆಗಬೇಕಾದಷ್ಟು ಚರ್ಚೆ ಆಗಲಿಲ್ಲ.

ಇಂಥ ಪ್ರಕರಣಗಳಿಂದ ಒಂದು ಒಳ್ಳೆಯ ಪದ್ಧತಿ ಬಂದಿದೆ. ಯಾವ ಸಂಸ್ಥೆ ಯಾವ ತಾಣಕ್ಕೆ ಪ್ರಮಾಣಪತ್ರ ಕೊಟ್ಟರೂ ಅದು ಬಹಿರಂಗ ದಾಖಲೆ ಪುಸ್ತಕದಲ್ಲಿ ನಮೂದಾಗಬೇಕು. ಹಾಗೆ ನಮೂದಾಗದ ಹೊಸ ಪತ್ರಗಳನ್ನು ಕ್ರೋಮ್ 2018ರಿಂದ ಒಪ್ಪುವುದಿಲ್ಲ. ಬ್ಯಾಂಕೊಂದರ ಹೆಸರಿನಲ್ಲಿ ಇನ್ನೆಲ್ಲೋ ಪತ್ರ ಹುಟ್ಟಿದರೆ ಆ ಬ್ಯಾಂಕಿನ ಸಿಬ್ಬಂದಿ ಕುಳಿತಲ್ಲೇ ಅದನ್ನು ಪತ್ತೆಹಚ್ಚಬಹುದು.

ಬೇಕೆಂದೇ ಸಡಿಲಿಸಿದ ಬೀಗ

ಟಿಎಲ್‌ಎಸ್‌ನ ಹಿಂದಿನ ರೂಪ ಎಸ್‌ಎಸ್‌ಎಲ್. ಇಂಟರ್ನೆಟ್ಟಿನಲ್ಲಿ ಕ್ರೆಡಿಟ್ ಕಾರ್ಡ್ ಸಂಖ್ಯೆ ಕೊಡಲು ಜನ ಹೆದರುತ್ತಿದ್ದ 1995ರಲ್ಲಿ ನೆಟ್‌ಸ್ಕೇಪ್ ಕಂಪನಿ ಅದನ್ನು ತಂದಿತು. ಆಗ ಅಮೆರಿಕದ ಕಾನೂನು ಬಲವಾದ ಎನ್‌ಕ್ರಿಪ್ಶನ್ನನ್ನು ಶಸ್ತ್ರಾಸ್ತ್ರಗಳ ಸಾಲಿನಲ್ಲಿ ಇಟ್ಟಿತ್ತು. ಹೊರದೇಶಕ್ಕೆ ಕಳಿಸುವ ಬ್ರೌಸರಿನಲ್ಲಿ ಕೀಲಿ 40 ಬಿಟ್‌ಗಿಂತ ಉದ್ದವಿರುವಂತಿರಲಿಲ್ಲ. ಅದೇ ವರ್ಷದ ಆಗಸ್ಟಿನಲ್ಲಿ ಫ್ರಾನ್ಸಿನ ಸಂಶೋಧಕ ಡೇಮಿಯನ್ ಡೊಲಿಜೆ ಸುಮಾರು 120 ಕಂಪ್ಯೂಟರ್‌ಗಳನ್ನು ಹೂಡಿ 8 ದಿನದಲ್ಲಿ ಅಂಥ ಕೀಲಿಯೊಂದನ್ನು ಹುಡುಕಿ ತೆಗೆದರು.

2000ದಲ್ಲಿ ನಿಯಮ ಸಡಿಲವಾಯಿತು. ದುರ್ಬಲ ಕೀಲಿಗಳು ಮಾತ್ರ ತಂತ್ರಾಂಶಗಳ ಮೂಲೆಗಳಲ್ಲಿ ಉಳಿದುಕೊಂಡವು. 2015ರ ಮಾರ್ಚಿನಲ್ಲಿ ಬೆಳಕಿಗೆ ಬಂದ ಫ್ರೀಕ್ ಎಂಬ ದಾಳಿ ಅವುಗಳನ್ನೇ ಬಳಸಿಕೊಂಡಿತು. ನಡುವೆ ಕುಳಿತವನು ಬ್ರೌಸರ್ ಮತ್ತು ಸರ್ವರ್ ಎರಡನ್ನೂ ಯಾಮಾರಿಸಿ ಆ ಹಳೆಯ 'ರಫ್ತು ದರ್ಜೆ'ಯ ಕೀಲಿಗೆ ಇಳಿಸಬಹುದಿತ್ತು. ಹದಿನೈದು ವರ್ಷ ಹಿಂದೆ ಸತ್ತಿದೆ ಎಂದುಕೊಂಡಿದ್ದ ನೀತಿ ಹೊಸ ಪೀಳಿಗೆಯ ಫೋನುಗಳನ್ನು ಕಾಡಿತು.

ಭಾರತವೂ ಇದೇ ಹಾದಿ ತುಳಿದಿತ್ತು. ಇಂಟರ್ನೆಟ್ ಸೇವಾದಾರರ ಪರವಾನಗಿ ಷರತ್ತಿನ ಪ್ರಕಾರ ಅನುಮತಿ ಇಲ್ಲದೆ 40 ಬಿಟ್‌ಗಿಂತ ಬಲವಾದ ಎನ್‌ಕ್ರಿಪ್ಶನ್ ಬಳಸುವಂತಿರಲಿಲ್ಲ. ಇತ್ತ ರಿಸರ್ವ್ ಬ್ಯಾಂಕ್ 2001ರ ಜೂನ್ ತಿಂಗಳಲ್ಲಿ ಇಂಟರ್ನೆಟ್ ಬ್ಯಾಂಕಿಂಗ್ ಕುರಿತು ಹೊರಡಿಸಿದ ಮಾರ್ಗಸೂಚಿಯಲ್ಲಿ ಕನಿಷ್ಠ 128 ಬಿಟ್ ಇರಬೇಕೆಂದು ಹೇಳಿತು. ಒಂದೇ ಸರ್ಕಾರದ ನೆರಳಿನಲ್ಲಿದ್ದ ಎರಡು ಸಂಸ್ಥೆಗಳು ಎರಡು ದಿಕ್ಕಿಗೆ ಎಳೆದವು. ಜನರ ಹಣ ಉಳಿದದ್ದು ರಿಸರ್ವ್ ಬ್ಯಾಂಕಿನ ಮಾತು ನಡೆದದ್ದರಿಂದ. 2015ರ ಸೆಪ್ಟೆಂಬರಿನಲ್ಲಿ ಪ್ರಕಟವಾದ ರಾಷ್ಟ್ರೀಯ ಎನ್‌ಕ್ರಿಪ್ಶನ್ ನೀತಿಯ ಕರಡು, ನಾಗರಿಕರು ತಾವು ಕಳಿಸಿದ ಗೂಢ ಸಂದೇಶಗಳ ಮೂಲಪಠ್ಯವನ್ನು 90 ದಿನ ಇಟ್ಟುಕೊಂಡಿರಬೇಕೆಂದಿತು. ಅಷ್ಟು ದಿನ ಎಲ್ಲರ ಫೋನಿನಲ್ಲೂ ಬಿಚ್ಚಿಟ್ಟ ಸಂದೇಶಗಳಿದ್ದರೆ ಕಳ್ಳರಿಗೆ ಅದಕ್ಕಿಂತ ಸುಗ್ಗಿ ಬೇರೆ ಬೇಕೆ? ವ್ಯಾಪಕ ವಿರೋಧ ಬಂದು ಕೆಲವೇ ದಿನಗಳಲ್ಲಿ ಸರ್ಕಾರ ಕರಡನ್ನು ಹಿಂಪಡೆಯಿತು. ಹಿಂಪಡೆದದ್ದು ಒಳ್ಳೆಯದೇ ಆಯಿತು.

ಸಡಿಲಿಸುವವರಿಲ್ಲದಿದ್ದರೂ ಅನಾಹುತ ಆಗಬಹುದು. ಟಿಎಲ್‌ಎಸ್ಸನ್ನು ಕಾರ್ಯರೂಪಕ್ಕೆ ತರುವ ಉಚಿತ ತಂತ್ರಾಂಶ ಓಪನ್‌ಎಸ್‌ಎಸ್‌ಎಲ್. 2014ರ ಏಪ್ರಿಲ್‌ನಲ್ಲಿ ಅದರಲ್ಲಿ ಹಾರ್ಟ್‌ಬ್ಲೀಡ್ ಎಂಬ ದೋಷ ಸಿಕ್ಕಿತು. ಕೇಳಿದ ಮಾಹಿತಿಯ ಉದ್ದವನ್ನು ಪರೀಕ್ಷಿಸಬೇಕಿದ್ದ ಒಂದು ಸಣ್ಣ ತಪಾಸಣೆ ಬಿಟ್ಟುಹೋಗಿತ್ತು. ಹೊರಗಿನವರು ಪ್ರತಿ ಸಲ ಕೇಳಿದಾಗಲೂ ಸರ್ವರಿನ ನೆನಪಿನಿಂದ 64 ಕಿಲೋಬೈಟ್‌ವರೆಗೆ ಪಾಸ್‌ವರ್ಡ್, ಕೀಲಿ ಏನಿದ್ದರೂ ಸೋರುತ್ತಿತ್ತು. ಜಗತ್ತಿನ ಅಸಂಖ್ಯ ಸರ್ವರ್‌ಗಳು ನೆಚ್ಚಿಕೊಂಡಿದ್ದ ಆ ತಂತ್ರಾಂಶಕ್ಕೆ ಪೂರ್ಣಾವಧಿ ದುಡಿಯುತ್ತಿದ್ದದ್ದು ಒಬ್ಬರೇ. ವರ್ಷಕ್ಕೆ ಬರುತ್ತಿದ್ದ ದೇಣಿಗೆ ಸುಮಾರು 2,000 ಡಾಲರ್. ಅದನ್ನು ಬಳಸಿ ಕೋಟಿಗಟ್ಟಲೆ ಗಳಿಸಿದ ಕಂಪನಿಗಳು ನಾಚಿಕೊಳ್ಳಬೇಕಾದ ವಿಷಯವಿದು.

2018ರ ಆಗಸ್ಟಿನಲ್ಲಿ ಬಂದ ಟಿಎಲ್‌ಎಸ್ 1.3 ಹಳೆಯ ದುರ್ಬಲ ವಿಧಾನಗಳನ್ನೆಲ್ಲ ಕಿತ್ತೆಸೆದಿದೆ. ಸಾಮಾನ್ಯ ಸಂಪರ್ಕಕ್ಕೆ ಪ್ರತಿ ಸಲವೂ ಹೊಸ ಕೀಲಿ ಹುಟ್ಟಿ, ಕೆಲಸ ಮುಗಿದೊಡನೆ ಅಳಿದುಹೋಗುತ್ತದೆ. ಇಂದು ಹಿಡಿದಿಟ್ಟ ಮಾಹಿತಿಯನ್ನು ನಾಳೆ ಸರ್ವರಿನ ಕೀಲಿ ಕದ್ದು ಓದಲಾಗದು. ಲೆಟ್ಸ್ ಎನ್‌ಕ್ರಿಪ್ಟ್ ಎಂಬ ಲಾಭರಹಿತ ಸಂಸ್ಥೆ 2015ರಿಂದ ಪ್ರಮಾಣಪತ್ರಗಳನ್ನು ಪುಕ್ಕಟೆ ಕೊಡುತ್ತಿರುವುದರಿಂದ ಚಿಕ್ಕ ಶಾಲೆಯ ಜಾಲತಾಣಕ್ಕೂ ಈ ರಕ್ಷಣೆ ಸಿಗುತ್ತದೆ. ಗೌರಿ-ಶಂಕರರ ಲೆಕ್ಕವನ್ನು ಮುಂದೆ ಕ್ವಾಂಟಂ ಕಂಪ್ಯೂಟರ್ ಹಿಂದಕ್ಕೆ ಬಿಡಿಸಬಲ್ಲದು ಎಂದು ಪೀಟರ್ ಶೋರ್ 1994ರಲ್ಲೇ ತೋರಿಸಿದ್ದರು. ಅದಕ್ಕೆ ಮಣಿಯದಂತೆ ರೂಪಿಸಿದ ಹೊಸ ವಿಧಾನ 2024ರಲ್ಲಿ ಅಮೆರಿಕದ ಮಾನದಂಡವಾಗಿದ್ದು, ಕ್ರೋಮ್ ಅದನ್ನು ಹಳೆಯದರ ಜತೆ ಸೇರಿಸಿ ಆಗಲೇ ಬಳಸುತ್ತಿದೆ.

ಇಷ್ಟೆಲ್ಲ ಕಾಯುವುದು ದಾರಿಯನ್ನು ಮಾತ್ರ. ಯಾವ ತಾಣಕ್ಕೆ ಹೋದಿರಿ ಎಂಬುದು ಸೇವಾದಾರರಿಗೆ ಸಾಮಾನ್ಯವಾಗಿ ತಿಳಿಯುತ್ತದೆ. ಅಲ್ಲಿ ಏನು ಓದಿದಿರಿ, ಏನು ಬರೆದಿರಿ ಎಂಬುದು ತಿಳಿಯುವುದಿಲ್ಲ. ಸರ್ವರ್ ತಲುಪಿದ ಮೇಲೆ ಗೂಢಲಿಪಿ ಬಿಚ್ಚಿಕೊಳ್ಳುತ್ತದೆ. ಮಾಹಿತಿ ಅಲ್ಲಿಂದಾಚೆ ಏನಾಗುತ್ತದೆ ಎಂಬುದು ಆ ಸಂಸ್ಥೆಯ ಪ್ರಾಮಾಣಿಕತೆಗೆ ಬಿಟ್ಟದ್ದು. ವಾಟ್ಸ್‌ಆ್ಯಪ್, ಸಿಗ್ನಲ್‌ಗಳಲ್ಲಿ ಕೀಲಿ ಮಾತಾಡುವ ಇಬ್ಬರ ಫೋನುಗಳಲ್ಲೇ ಇರುವುದರಿಂದ ನಡುವಿನ ಸರ್ವರಿಗೂ ಸಂದೇಶ ಓದಲಾಗದು.

ವಂಚಕನ ತಾಣಕ್ಕೂ ಪ್ರಮಾಣಪತ್ರ ಸಿಗುತ್ತದೆ. ವಿಳಾಸದ ಪಕ್ಕ ಬೀಗದ ಚಿಹ್ನೆ ತೋರಿಸುವ ಬ್ರೌಸರ್‌ಗಳಲ್ಲಿ ಅಲ್ಲೂ ಅದು ಮೂಡುತ್ತದೆ. ಬೀಗ ಕಂಡರೆ ತಾಣ ನಂಬಿಕಸ್ಥ ಎಂದೇ ಜನ ತಿಳಿಯುತ್ತಿದ್ದರು. ಗೂಗಲ್ 2021ರಲ್ಲಿ ನಡೆಸಿದ ಅಧ್ಯಯನದಲ್ಲಿ ಆ ಚಿಹ್ನೆಯ ಸರಿಯಾದ ಅರ್ಥ ಗೊತ್ತಿದ್ದದ್ದು ಶೇ 11ರಷ್ಟು ಮಂದಿಗೆ ಮಾತ್ರ. ಅದಕ್ಕೇ 2023ರಲ್ಲಿ ಕ್ರೋಮ್‌ನಿಂದ ಬೀಗವನ್ನೇ ತೆಗೆದುಹಾಕಲಾಯಿತು. ಆದ್ದರಿಂದ ಓದುಗರು ನೋಡಬೇಕಾದದ್ದು ವಿಳಾಸಪಟ್ಟಿಯಲ್ಲಿರುವ ಹೆಸರನ್ನು, ಅಕ್ಷರ ಅಕ್ಷರವಾಗಿ. ಎಸ್‌ಎಂಎಸ್‌ನಲ್ಲಿ ಬಂದ ಕೊಂಡಿಯ ಮೂಲಕ ಬ್ಯಾಂಕಿಗಾಗಲಿ ಸರ್ಕಾರಿ ಸೇವೆಗಾಗಲಿ ಹೋಗಬೇಡಿ, ವಿಳಾಸವನ್ನು ನೀವೇ ಟೈಪ್ ಮಾಡಿ. ಬ್ರೌಸರ್ ಎಚ್ಚರಿಕೆಯ ಪುಟ ತೋರಿಸಿದರೆ ಅವಸರದಲ್ಲಿ ಮುಂದುವರಿಯಬೇಡಿ. ಫೋನಿನ ಅಪ್‌ಡೇಟ್‌ಗಳನ್ನು ನಾಳೆಗೆ ತಳ್ಳಬೇಡಿ. ಹಣ ಕಳೆದುಕೊಂಡಿರಿ ಎಂದಾದರೆ ಸಂಕೋಚಪಟ್ಟು ಸುಮ್ಮನಿರದೆ ಆ ಕ್ಷಣವೇ ಸೈಬರ್ ವಂಚನೆಯ ಸಹಾಯವಾಣಿ 1930ಕ್ಕೆ ಕರೆ ಮಾಡಿ, ಹತ್ತಿರದ ಸೈಬರ್ ಅಪರಾಧ ಠಾಣೆಗೆ ದೂರು ಕೊಡಿ.